ಅವ್ವನ ಸುತಗಟ್ಟಿ

ಹುಬ್ಬಳ್ಳಿ-ಧಾರವಾಡದ ನಡುವೆ ಸುತಗಟ್ಟಿ ಅಂತ ಒಂದು ಊರಿದೆ. ನನ್ನ ತಮ್ಮ ಅಲ್ಲಿಲ್ಲ. ಅವನಿರುವುದು ಜರ್ಮನಿಯ ಸ್ಟಟ್‌ಗಾರ್ಟ್‌ನಲ್ಲಿ. ಆದರೆ ಆ ಹೆಸರು ನಮ್ಮ ಅವ್ವನ ನಾಲಿಗೆಗೆ ಒಗ್ಗಲೇ ಇಲ್ಲ. ಒಂಬತ್ತು ವರ್ಷದಿಂದ "ಮಗ ಎಲ್ಲದಾನ್ರಿ?" ಅಂತ ಕೇಳಿದವರಿಗೆಲ್ಲ "ಸುತಗಟ್ಟ್ಯಾಗ ಅದಾನ" ಅಂತಲೇ ಹೇಳುತ್ತಾಳೆ. ಕೇಳಿದವರು "ಚಲೋ ಆತ್ ಬಿಡ್ರಿ, ಸನೇಕ ಅದಾನ" ಅನ್ನುತ್ತಾರೆ. ಅವ್ವ ತಿದ್ದುವುದಿಲ್ಲ. ಯಾಕೆ ತಿದ್ದಬೇಕು, ಅಲ್ವಾ?

ಹೋದ ವರ್ಷ, 2025ರ ಸೆಪ್ಟೆಂಬರ್‌ನಲ್ಲಿ, ನಾನೂ ಅವ್ವನೂ ಆ ಸುತಗಟ್ಟಿಗೆ ಹೋಗಿ ಬಂದೆವು. ಬಾಗಲಕೋಟೆ ನವನಗರದಲ್ಲಿ ನನ್ನದೊಂದು ಟೇಲರಿಂಗ್ ಅಂಗಡಿ ಇದೆ. ದಸರೆ, ದೀಪಾವಳಿ ಎರಡೂ ಮುಂದಿರುವಾಗ ಅಂಗಡಿಗೆ ಬೀಗ ಹಾಕಿದ ಟೇಲರ್ ನಾನೊಬ್ಬಳೇ ಇರಬೇಕು. ಗಿರಾಕಿಗಳ ಬೈಗುಳ ಇನ್ನೂ ಕೇಳುತ್ತಿದ್ದೇನೆ. ಆದರೆ ವೀಸಾ ಸಿಗುವುದು 90 ದಿನಕ್ಕೆ ಮಾತ್ರ, ತಮ್ಮನ ಮಗಳು ಒಂದನೇ ಕ್ಲಾಸಿಗೆ ಹೋಗುವುದು ಸೆಪ್ಟೆಂಬರ್‌ನಲ್ಲಿ. ಅವಳ ಸಾಲಿ ಬಿಟ್ಟು ಬ್ಲೌಸ್ ಹೊಲಿಯುತ್ತಾ ಕೂರಲು ಆಗುತ್ತದೆಯೇ?

ವೀಸಾಕ್ಕೆ ಬೆರಳಚ್ಚು ಕೊಡಲು ಬೆಂಗಳೂರಿಗೆ ಹೋದಾಗ ಅವ್ವನ ಬೆರಳು ಮಷಿನ್‌ಗೆ ಸಿಗಲಿಲ್ಲ. ಒರೆಸಿ, ಒತ್ತಿ, ಮತ್ತೆ ಒರೆಸಿ, ಆರು ಸಲ ಆಯಿತು. "ಐವತ್ತು ವರ್ಷ ರೊಟ್ಟಿ ಬಡದೀನಪಾ, ಗೆರಿ ಎಲ್ಲಿ ಉಳೀತಾವ" ಅಂದಳು ಆ ಹುಡುಗನಿಗೆ. ಅವನಿಗೆ ಅರ್ಥ ಆಗಲಿಲ್ಲ. ಏಳನೇ ಸಲಕ್ಕೆ ಬಂತು.

ಇನ್ನು ಸಾಮಾನು ಕಟ್ಟುವುದು. ಒಬ್ಬೊಬ್ಬರಿಗೆ 23 ಕಿಲೋ. ನಾವು ಓಣಿಯ ಕಿರಾಣಿ ಅಂಗಡಿಯ ತಕ್ಕಡಿಯಲ್ಲಿ ಸೂಟ್‌ಕೇಸ್ ಇಟ್ಟು ತೂಗಿಸಿಕೊಂಡು ಬಂದೆವು. ಹಾಲಿನ ಪದಾರ್ಥ ಅಲ್ಲಿಗೆ ಒಯ್ಯುವ ಹಾಗಿಲ್ಲ ಅಂತ ತಮ್ಮ ಮೊದಲೇ ಹೇಳಿದ್ದ. ಹಾಗಾಗಿ ತುಪ್ಪ ಹೋಯಿತು, ಬೆಳಗಾವಿಯ ಕುಂದಾ ಹೋಯಿತು. ಹಸಿ ಎಲೆ, ಕಾಯಿಪಲ್ಯ ಕೂಡ ಸರ್ಟಿಫಿಕೇಟ್ ಇಲ್ಲದೆ ಒಯ್ಯುವಂತಿಲ್ಲ. ಕರಿಬೇವು ಹೋಯಿತು. ಮುಳಗಾಯಿ ಹೋಯಿತು. ಉಳಿದದ್ದು ಶೇಂಗಾ ಹಿಂಡಿ, ಗುರೆಳ್ಳು ಹಿಂಡಿ, ಅಗಸಿ ಹಿಂಡಿ, ಒಂದು ಡಬ್ಬಿ ರಂಗೋಲಿ ಪುಡಿ ಮತ್ತು 120 ಕಡಕ್ ರೊಟ್ಟಿ. ರೊಟ್ಟಿ ಮುರಿಯಬಾರದು ಅಂತ ಅವ್ವ ಪ್ರತಿ ಹತ್ತು ರೊಟ್ಟಿಗೆ ಒಂದರಂತೆ ಇಳಕಲ್ ಸೀರೆಯ ಮಡಿಕೆ ಇಟ್ಟಳು. ಎಲ್ಲರೂ ಸೀರೆ ಕೆಡಬಾರದು ಅಂತ ನೋಡುತ್ತಾರೆ. ನಮ್ಮವ್ವ ರೊಟ್ಟಿ ಕೆಡಬಾರದು ಅಂತ ಸೀರೆ ಸುತ್ತುವವಳು. 120ರಲ್ಲಿ ಒಡೆದದ್ದು ಒಂಬತ್ತೇ.

ಗೋಲಗುಂಬಜ್ ಎಕ್ಸ್‌ಪ್ರೆಸ್ ಹತ್ತಿ ಬೆಂಗಳೂರು, ಅಲ್ಲಿಂದ ವಿಮಾನದಲ್ಲಿ ಫ್ರಾಂಕ್‌ಫರ್ಟ್, ಮತ್ತೆ ರೈಲು. ವಿಮಾನದ ಬಗ್ಗೆ ಹೇಳುವಂಥದ್ದೇನಿಲ್ಲ. ಅವ್ವ ನಿದ್ದೆ ಮಾಡಿದಳು.

ಸ್ಟಟ್‌ಗಾರ್ಟ್ ಬೋಗುಣಿಯಂಥ ಊರು. ಸುತ್ತ ಗುಡ್ಡ, ತಗ್ಗಿನಲ್ಲಿ ಪೇಟೆ. ಗುಡ್ಡ ಹತ್ತಲು ಓಣಿಗಳ ನಡುವೆ ಮೆಟ್ಟಿಲುಗಳು. ಊರೊಳಗೇ ದ್ರಾಕ್ಷಿ ತೋಟ ಬೇರೆ! ಅದನ್ನು ನೋಡಿದ್ದೇ ಅವ್ವನ ಮುಖ ಅರಳಿತು. ಅವಳ ತಂಗಿಯನ್ನು ಕೊಟ್ಟಿರುವುದು ವಿಜಯಪುರದ ಹತ್ತಿರ ತಿಕೋಟಾಕ್ಕೆ. ಅಲ್ಲೂ ಬರೀ ದ್ರಾಕ್ಷಿ. "ಇದು ನಮ್ಮ ತಿಕೋಟಾನ ಬಿಡು. ಮಣೂಕ ಎಲ್ಲಿ ಒಣಗಿಸ್ತಾರ?" ಅಂತ ಕೇಳಿದಳು. ಇಲ್ಲಿ ಒಣಗಿಸುವುದಿಲ್ಲ, ಹಿಂಡಿ ವೈನ್ ಮಾಡುತ್ತಾರೆ ಅಂತ ತಮ್ಮ ಹೇಳಿದ. ಅವ್ವ ಸ್ವಲ್ಪ ಹೊತ್ತು ತೋಟ ನೋಡಿದಳು. "ಬಿಸಲಿಲ್ಲಲ್ಲ ಪಾಪ, ಮತ್ತೇನ್ ಮಾಡ್ತಾರ" ಅಂದಳು.

ತಮ್ಮನ ಮನೆ ಮೂರನೇ ಮಹಡಿಯಲ್ಲಿ. ಅವನ ಹೆಂಡತಿ ಮಂಡ್ಯದವಳು. ಇಬ್ಬರೂ ಕೆಲಸಕ್ಕೆ ಹೋಗುತ್ತಾರೆ. ಅಡುಗೆಮನೆಯಲ್ಲಿ ಗ್ಯಾಸ್ ಇಲ್ಲ, ಗಾಜಿನ ಒಲೆ. ಬೆಂಕಿಯೇ ಕಾಣದ ಒಲೆಯ ಮೇಲೆ ಜೋಳದ ರೊಟ್ಟಿ ಉಬ್ಬಿಸುವುದು ಹೇಗೆ? ಅವ್ವ ಮೂರು ದಿನ ಒದ್ದಾಡಿದಳು. ನಾಲ್ಕನೇ ದಿನ ಹಂಚಿನ ಮೇಲೇ ಅರಿವೆಯಿಂದ ಅಂಚು ಒತ್ತಿ ಒತ್ತಿ ಉಬ್ಬಿಸಿದಳು. ಜೋಳದ ಹಿಟ್ಟು ಇಂಡಿಯನ್ ಅಂಗಡಿಯಲ್ಲಿ ಸಿಗುತ್ತದೆ. ಆದರೆ ಯಾವಾಗ ಬೀಸಿದ್ದೋ ದೇವರಿಗೇ ಗೊತ್ತು. ಜಿಗಿ ಇರುವುದಿಲ್ಲ, ತಟ್ಟಿದರೆ ಅಂಚು ಸೀಳುತ್ತದೆ.

ಮೊದಲ ಭಾನುವಾರ ಬೆಳಿಗ್ಗೆ ಏಳಕ್ಕೆ ಅವ್ವ ರೊಟ್ಟಿ ಬಡಿಯಲು ಕೂತಳು. ನಮ್ಮ ಕಡೆ ಆ ಸಪ್ಪಳ ಇಲ್ಲದಿದ್ದರೆ ಆ ಮನೆಯಲ್ಲಿ ಯಾರಿಗೋ ಹುಷಾರಿಲ್ಲ ಅಂತ ಅರ್ಥ. ಅಲ್ಲಿ ಭಾನುವಾರ ಅಂದರೆ ಮೌನ ವ್ರತ. ಅಂಗಡಿ ಮುಚ್ಚಿರುತ್ತವೆ, ಗೋಡೆಗೆ ಮೊಳೆ ಹೊಡೆಯುವ ಹಾಗಿಲ್ಲ, ಖಾಲಿ ಬಾಟಲಿ ತೊಟ್ಟಿಗೆ ಹಾಕುವ ಹಾಗೂ ಇಲ್ಲ. ಹದಿನೈದನೇ ರೊಟ್ಟಿಗೆ ಬಾಗಿಲ ಗಂಟೆ ಬಾರಿಸಿತು. ಕೆಳಗಿನ ಮನೆಯ ಅಜ್ಜಿ. ಎಂಬತ್ತರ ಹತ್ತಿರದವಳು, ನೆಟ್ಟಗೆ ನಿಂತಿದ್ದಳು. ಮನೆ ರಿಪೇರಿ ಮಾಡುತ್ತಿದ್ದೀರಾ ಅಂತ ಕೇಳಿದಳಂತೆ. ತಮ್ಮ ಕೆಂಪಗಾಗಿ ಏನೇನೋ ಹೇಳುತ್ತಿದ್ದ. ಅವನ ಹೆಂಡತಿ ನನ್ನ ಕಿವಿಯಲ್ಲಿ, "ನೋಡಿ ಅಕ್ಕ, ಈ ದೇಶಕ್ಕೆ ಮುದ್ದೆನೇ ಸರಿ. ಸದ್ದಿಲ್ಲದ ಊಟ" ಅಂದಳು. ನಾನು ನಗು ತಡೆಯಲಾರದೆ ಬಾತ್‌ರೂಮಿಗೆ ಓಡಿದೆ. ಅವತ್ತಿನಿಂದ ರೊಟ್ಟಿ ಶನಿವಾರ ಮಧ್ಯಾಹ್ನಕ್ಕೆ ಹೋಯಿತು. ಭಾನುವಾರ ಕಡಕ್ ರೊಟ್ಟಿ.

ಆ ಸೀಮೆಯ ಜನರ ಇನ್ನೊಂದು ಪದ್ಧತಿ ಕೇರ್‌ವೋಖೆ. ಗುಡಿಸುವ ವಾರ ಅಂತ ಅರ್ಥ. ಸಾಮೂಹಿಕ ಮೆಟ್ಟಿಲನ್ನು ಒಂದೊಂದು ವಾರ ಒಂದೊಂದು ಮನೆಯವರು ಗುಡಿಸಿ ಒರೆಸಬೇಕು. ಯಾರ ಪಾಳಿಯೋ ಅವರ ಬಾಗಿಲಿಗೆ ಒಂದು ಪುಟ್ಟ ಬೋರ್ಡು ನೇತುಹಾಕುತ್ತಾರೆ. ವಾರ ಮುಗಿದ ಮೇಲೆ ನಾವೇ ಅದನ್ನು ಪಕ್ಕದ ಬಾಗಿಲಿಗೆ ಹಾಕಿ ಬರಬೇಕು. 1492ರಲ್ಲೇ ಊರಿನ ಕಟ್ಟಳೆಯಲ್ಲಿ ಪ್ರತಿಯೊಬ್ಬರೂ ವಾರಕ್ಕೊಮ್ಮೆ ತಮ್ಮ ಮನೆಯ ಸಗಣಿ-ಗೊಬ್ಬರ ಹೊರಗೆ ಸಾಗಿಸಬೇಕು ಅಂತ ಬರೆದಿತ್ತಂತೆ. ತಮ್ಮ ಇದನ್ನು ಹೇಳಿದಾಗ ಅವ್ವ ನಕ್ಕಿದ್ದೇ ನಕ್ಕಿದ್ದು. "ಅವರು ಸಗಣಿ ತಗದು ಸ್ವಚ್ಛ ಅಂತಾರ, ನಾವು ಸಗಣಿ ಸಾರಿಸಿ ಸ್ವಚ್ಛ ಅಂತೀವಿ!"

ಎರಡನೇ ವಾರ ಬೋರ್ಡು ನಮ್ಮ ಬಾಗಿಲಿಗೆ ಬಂತು. ಅಲ್ಲಿಯವರು ವಾರಕ್ಕೊಂದು ಸಲ ಒರೆಸಿದರೆ ಸಾಕು. ಅವ್ವ ದಿನಾ ಒರೆಸಿದಳು. ಇಳಕಲ್ ಸೀರೆಯ ನೆರಿಗೆ ಎತ್ತಿ ಕಟ್ಟಿ, ಮೂರನೇ ಮಹಡಿಯಿಂದ ಕೆಳಗಿನವರೆಗೆ. ಒರೆಸಿದ ಮೇಲೆ ಬಾಗಿಲ ಮುಂದೆ ಸಣ್ಣದೊಂದು ರಂಗೋಲಿ. ಮೊದಲ ದಿನ ಮಧ್ಯಾಹ್ನ ನೋಡಿದರೆ ರಂಗೋಲಿ ಇಲ್ಲ. ಮರುದಿನ ಮತ್ತೆ ಹಾಕಿದಳು. ಮತ್ತೆ ಇಲ್ಲ. ಮೂರನೇ ದಿನ ನಾನು ಬಾಗಿಲ ಕಿಂಡಿಯಿಂದ ಕಾದು ನೋಡಿದೆ. ಕೆಳಗಿನ ಅಜ್ಜಿ ಕಸಬರಿಗೆ ಹಿಡಿದು ಬಂದು, ಬೇಜಾರಿನಿಂದ ತಲೆ ಅಲ್ಲಾಡಿಸುತ್ತಾ, ಆ "ಬಿಳಿ ಪುಡಿ"ಯನ್ನು ನೀಟಾಗಿ ಬಳಿದು ಹೋದಳು. ಪಾಳಿ ನಮ್ಮದು, ಮೂರು ದಿನದಿಂದ ಪುಡಿ ಚೆಲ್ಲಿದ್ದೇವೆ, ಒರೆಸಲೂ ಬರುವುದಿಲ್ಲ ಅಂತ ಅವಳಿಗೆ ಅನ್ನಿಸಿರಬೇಕು.

ಸಂಜೆ ತಮ್ಮನ ಮಗಳು ಹೋಗಿ ಅಜ್ಜಿಗೆ ವಿವರಿಸಿ ಬಂದಳು. ತೀರ್ಪು ಹೀಗೆ ಬಂತು: ಚೆಂದ ಇದೆ, ಆದರೆ ಮೆಟ್ಟಿಲ ಮೇಲೆ ಬೇಡ, ಯಾರಾದರೂ ಜಾರಿ ಬಿದ್ದಾರು. ನನಗೆ ಸಿಟ್ಟೇ ಬಂತು. ಅವ್ವ ಮಾತ್ರ ಮರುದಿನದಿಂದ ಬಾಗಿಲ ಒಳಗೆ ರಂಗೋಲಿ ಹಾಕತೊಡಗಿದಳು. "ಒಳಗ ಯಾರಬೇ ಹಾಕ್ತಾರ?" ಅಂತ ಕೇಳಿದೆ. "ಲಕ್ಷ್ಮಿ ಒಳಗ ಬಂದ ಮ್ಯಾಲ ನೋಡ್ತಾಳ ಬಿಡ" ಅಂದಳು.

ಅವ್ವನಿಗೆ ಇದು ಹೊಸದಲ್ಲ. ನಮ್ಮ ಹಳೇ ಮನೆ ಇದ್ದದ್ದು ಹಳೇ ಬಾಗಲಕೋಟೆಯಲ್ಲಿ, ಘಟಪ್ರಭೆಯ ಕಡೆಗೆ. ಆಲಮಟ್ಟಿಯ ಹಿನ್ನೀರು ಬಂತು. 1964ರಲ್ಲಿ ಲಾಲ್ ಬಹಾದ್ದೂರ್ ಶಾಸ್ತ್ರಿ ಅಡಿಗಲ್ಲು ಹಾಕಿದ ಡ್ಯಾಮಿನ ನೀರು ನಮ್ಮ ಓಣಿಯ ಹತ್ತಿರ ಬರುವ ಹೊತ್ತಿಗೆ ನನಗೆ ಮದುವೆ ವಯಸ್ಸು, ತಮ್ಮನಿಗೆ ಹದಿನೈದು. ಪರಿಹಾರ ಕೊಟ್ಟರು, ನವನಗರದಲ್ಲಿ ಪ್ಲಾಟು ಕೊಟ್ಟರು. ಓಣಿಯವರೆಲ್ಲ ಒಂದೊಂದು ಸೆಕ್ಟರ್‌ಗೆ ಚೆದುರಿಹೋದರು. ಮೊದಲೆಲ್ಲ ಮನೆ ಗುರುತು ಹೇಳಲು ಬೇವಿನ ಗಿಡ, ಗುಡಿ, ಬಾವಿ ಇರುತ್ತಿದ್ದವು. ಅಲ್ಲಿ ಬರೀ ನಂಬರ್. ಅವ್ವ ಎರಡು ಸಲ ಬೇರೆಯವರ ಮನೆಗೆ ಹೋಗಿ ಚಪ್ಪಲಿ ಬಿಟ್ಟು ಒಳಗೆ ಕಾಲಿಟ್ಟಿದ್ದಳು. ಹಳೇ ಮನೆ ಕೆಡವುವಾಗ ಅಪ್ಪ ತೊಲೆ, ಕಿಟಕಿ ಮಾರಿದರು. ಹೊಸ್ತಿಲು ಮಾತ್ರ ಅವ್ವ ಮಾರಲು ಬಿಡಲಿಲ್ಲ. ಟಂಟಂನಲ್ಲಿ ಹೇರಿಕೊಂಡು ಬಂದು ಹೊಸ ಮನೆಗೆ ಕೂರಿಸಿದಳು. ಬಾಗಿಲ ಅಗಲಕ್ಕೆ ಅದು ಮೂರು ಇಂಚು ಜಾಸ್ತಿ ಇದೆ. ಈಗಲೂ ಹಾಗೇ ಇದೆ. ಬಂದವರೆಲ್ಲ ಎಡವುತ್ತಾರೆ.

ಸಾಲಿ ಶುರುವಾಗುವ ಮೊದಲು ನನಗೊಂದು ಕೆಲಸ ಬಂತು. ಜರ್ಮನಿಯಲ್ಲಿ ಒಂದನೇ ಕ್ಲಾಸಿನ ಮೊದಲ ದಿನ ಮಕ್ಕಳ ಕೈಗೆ ದೊಡ್ಡ ಶಂಕುವಿನಂಥ ಪೊಟ್ಟಣ ಕೊಡುತ್ತಾರೆ. ಷೂಲ್‌ಟ್ಯೂಟೆ ಅಂತ ಹೆಸರು. ಒಳಗೆ ಚಾಕ್ಲೇಟು, ಪೆನ್ಸಿಲ್ಲು, ಸಣ್ಣಪುಟ್ಟ ಆಟಿಕೆ. ಮಗುವಿನ ಅರ್ಧ ಎತ್ತರ ಇರುತ್ತದೆ. ಕೆಲವರು ಅಂಗಡಿಯಿಂದ ತರುತ್ತಾರೆ, ಕೆಲವರು ಬಟ್ಟೆಯಲ್ಲಿ ಹೊಲಿಯುತ್ತಾರೆ. ಹೊಲಿಯುವುದು ಅಂದ ಮೇಲೆ ನನ್ನನ್ನು ಹಿಡಿಯುವವರಾರು! ಸೂಟ್‌ಕೇಸಿನಲ್ಲಿ ಗುಳೇದಗುಡ್ಡದ ಖಣ ಇತ್ತು, ತಮ್ಮನ ಹೆಂಡತಿಯ ಬ್ಲೌಸಿಗೆ ಅಂತ ತಂದಿದ್ದು. ಕಡುನೀಲಿ ಮೈ, ಕೆಂಪು ದಡಿ, ಮೈತುಂಬ ಸಣ್ಣ ಬುಟ್ಟಾ. ಅಂಬ್ರೆಲಾ ಲಂಗ ಕತ್ತರಿಸುವ ಲೆಕ್ಕದಲ್ಲೇ ಕತ್ತರಿಸಿದೆ. ದಡಿ ಸರಿಯಾಗಿ ಬಾಯಿಯ ಸುತ್ತ ಬರಬೇಕು, ದಡಿ ನೇರ, ಬಾಯಿ ದುಂಡಗೆ. ಅದೇ ಕಷ್ಟ. ಎರಡು ರಾತ್ರಿ ಕೈಹೊಲಿಗೆ ಹಾಕಿದೆ. ಆ ಮನೆಯಲ್ಲಿ ಮಷಿನ್ ಇಲ್ಲ.

ಹುಡುಗಿ ನೋಡಿದಳು. ತುಟಿ ಊದಿಸಿದಳು. ಅವಳಿಗೆ ಬೇಕಿದ್ದದ್ದು ಕೊಂಬಿನ ಕುದುರೆ. ಯೂನಿಕಾರ್ನ್. "ಎಲ್ಲಾರ್‌ದೂ ಹಾಗೇ ಇರುತ್ತೆ ಅತ್ತೆ" ಅಂದಳು ಮಂಡ್ಯದ ರಾಗದಲ್ಲಿ. ಅವಳ ಅಪ್ಪ ಪರಂಪರೆ, ನೇಕಾರರು, ಅಜ್ಜಿಯ ಊರು ಅಂತ ಭಾಷಣ ಶುರುಮಾಡಿದ. ನಾನು ಸುಮ್ನಿರು ಅಂದೆ. ಆರು ವರ್ಷದ ಹುಡುಗಿಗೆ ಭಾಷಣ ಕೊಟ್ಟು ಖಣ ಹೊರಿಸಿದರೆ ಅದು ಜೀವಮಾನ ಪೂರ್ತಿ ಖಣ ಅಂದರೆ ಓಡುತ್ತದೆ. ಮರುದಿನ ಹೋಗಿ ಬಿಳಿ ಉಣ್ಣೆ ಬಟ್ಟೆ ತಂದು ಒಂದು ಕುದುರೆ ಕತ್ತರಿಸಿದೆ. ಇಳಕಲ್ ಸೀರೆಯ ಸೆರಗಿನ ಕುಚ್ಚಿನಿಂದ ಬಾಲ ಮಾಡಿದೆ. ಸಾಲಿಯ ಅಂಗಳದಲ್ಲಿ ನಾಲ್ಕು ಜನ ತಾಯಂದಿರು ಆ ಬಟ್ಟೆಯನ್ನು ಮುಟ್ಟಿ ಮುಟ್ಟಿ ನೋಡಿದರು. ಹುಡುಗಿ ಮಾತ್ರ ಎಲ್ಲರಿಗೂ ಕುದುರೆ ತೋರಿಸುತ್ತಿದ್ದಳು.

ಆ ಹುಡುಗಿಯ ಭಾಷೆ ಒಂದು ಮಜಾ. ಅಮ್ಮನ ಜೊತೆ ಮಂಡ್ಯದ ಕನ್ನಡ. ಸಾಲಿಯಲ್ಲಿ ಜರ್ಮನ್. ಕೆಳಗಿನ ಅಜ್ಜಿಯ ಜೊತೆ ಆ ಸೀಮೆಯ ಶ್ವಾಬಿಶ್. ಅಪ್ಪನ ಜೊತೆ ಎಲ್ಲಾ ಕಲಸಿದ್ದು. ನಮ್ಮ ಕಡೆಯ ಮಾತು ಮಾತ್ರ ಇರಲಿಲ್ಲ. ಯಾಕೆಂದರೆ ತಮ್ಮನೇ ಅದನ್ನು ಬಿಟ್ಟಿದ್ದ. ಬೆಂಗಳೂರಿನಲ್ಲಿ ಮೊದಲ ಕೆಲಸ ಹಿಡಿದಾಗ ಅವನು ಬಾಯಿ ಬಿಟ್ಟರೆ ಜೊತೆಯವರು ನಗುತ್ತಿದ್ದರಂತೆ. "ಹೋಗೂಣು ಬರ್ರಿ" ಅಂದರೆ ಸಾಕು, ವಾರಗಟ್ಟಲೆ ಅಣಕಿಸುತ್ತಿದ್ದರಂತೆ. ಆರು ತಿಂಗಳಲ್ಲಿ ನಾಲಿಗೆ ತಿದ್ದಿಕೊಂಡ. ನಮಗೆ ಫೋನ್ ಮಾಡುವಾಗಲೂ "ಹೋಗೋಣ, ಬರ್ತೀನಿ" ಶುರುವಾಗಿತ್ತು. ಅವ್ವನಿಗೆ ಆಗ ಬಹಳ ಬೇಜಾರಾಗಿತ್ತು. ಜರ್ಮನಿಗೆ ಹೋದದ್ದಕ್ಕಿಂತ ಜಾಸ್ತಿ.

ತಮಾಷೆ ಏನೆಂದರೆ, ಅವನು ಹೋಗಿ ಬಿದ್ದದ್ದು ಅಂಥದೇ ಸೀಮೆಗೆ. ಅಲ್ಲಿಯವರ ಜರ್ಮನ್ ಕೇಳಿ ಉಳಿದ ಜರ್ಮನರು ನಗುತ್ತಾರಂತೆ. ಆದರೆ ಇವರು ಬಗ್ಗುವವರಲ್ಲ. ಆ ರಾಜ್ಯದ ಸರ್ಕಾರವೇ 1999ರಲ್ಲಿ ಒಂದು ಜಾಹೀರಾತು ಮಾಡಿತ್ತು: "ನಮಗೆ ಎಲ್ಲಾ ಬರುತ್ತದೆ, ಶುದ್ಧ ಜರ್ಮನ್ ಒಂದು ಬಿಟ್ಟು." ನಮ್ಮ ಬೆಳಗಾವಿ, ಬಾಗಲಕೋಟೆ, ವಿಜಯಪುರದವರು ಸೇರಿ ಇಂಥದ್ದೊಂದು ಬೋರ್ಡು ಬರೆಸಿ ಬೆಂಗಳೂರಿನ ಮೆಜೆಸ್ಟಿಕ್‌ನಲ್ಲಿ ಹಾಕಬೇಕು ಅಂತ ನನ್ನ ಆಸೆ.

ಕೆಳಗಿನ ಅಜ್ಜಿ ಎದುರಾದಾಗಲೆಲ್ಲ "ಗ್ರ್ಯೂಸ್ ಗಾಟ್" ಅನ್ನುತ್ತಿದ್ದಳು. ದೇವರು ನಿಮ್ಮನ್ನು ಹರಸಲಿ ಅಂದ ಹಾಗೆ. ಅವ್ವ "ಶರಣ್ರೀ" ಅನ್ನುತ್ತಿದ್ದಳು. ಇಬ್ಬರಿಗೂ ಸಾಕಾಗುತ್ತಿತ್ತು. ಒಂದು ತಿಂಗಳ ಹೊತ್ತಿಗೆ ಹುಡುಗಿ ಅವ್ವನಿಗೆ "ಹೂಂನ್ರಿ ಆಯಿ" ಅನ್ನಲು ಕಲಿತಳು. ಅದನ್ನು ಕೇಳಿ ತಮ್ಮನೂ ಮೆಲ್ಲಗೆ "ಏನಬೇ, ಊಟಾ ಆತನ?" ಅಂದ. ನಾವು ಯಾರೂ ಏನೂ ಅನ್ನಲಿಲ್ಲ. ಅಂದರೆ ಮತ್ತೆ ನಿಲ್ಲಿಸಿಬಿಡುತ್ತಾನೆ.

ಆಗಾಗ ತಮ್ಮನಿಗೆ ಊರಿನ ಹುಚ್ಚು ಹಿಡಿಯುತ್ತದೆ. ಫೋನಿನಲ್ಲಿ ಬಾಗಲಕೋಟೆಯ ಹೋಳಿ ಹಲಗಿ ಹಾಕಿಕೊಂಡು ಕೂರುತ್ತಾನೆ. ಕಿಲ್ಲಾ, ವೆಂಕಟಪೇಟೆ, ಜೈನಪೇಟೆ ಅಂತ ಮಗಳಿಗೆ ಹೆಸರು ಹೇಳಿಕೊಡುತ್ತಾನೆ. ಮ್ಯಾಪ್ ತೆಗೆದು ನಮ್ಮ ಹಳೇ ಮನೆ ಎಲ್ಲಿತ್ತು ಅಂತ ತೋರಿಸುತ್ತಾನೆ. ಅಲ್ಲಿ ಇರುವುದು ನೀಲಿ ಬಣ್ಣ. "ನೀರಲ್ಲಿ ಮನೆ ಇತ್ತಾ ಅಪ್ಪ?" ಅಂತ ಅವಳು ಕೇಳುತ್ತಾಳೆ. ನಾವು ಅಲ್ಲಿದ್ದಾಗಲೇ ಊರಿಂದ ಸುದ್ದಿ ಬಂತು. ಆಲಮಟ್ಟಿ ಡ್ಯಾಮಿನಲ್ಲಿ ಈಗ 519.6 ಮೀಟರ್‌ವರೆಗೆ ನಿಲ್ಲುವ ನೀರನ್ನು 524.256 ಮೀಟರ್‌ಗೆ ಏರಿಸಲು, ಮುಳುಗುವ ಜಮೀನಿಗೆ ಪರಿಹಾರ ಎಕರೆಗೆ ನೀರಾವರಿಗೆ 40 ಲಕ್ಷ, ಒಣಭೂಮಿಗೆ 30 ಲಕ್ಷ ಅಂತ. ತಮ್ಮ ರಾತ್ರಿಯೆಲ್ಲ ಅದನ್ನೇ ಓದಿದ. ಅಲ್ಲಿ ಕೂತು.

ನವೆಂಬರ್‌ನಲ್ಲಿ ಒಂದು ರಾತ್ರಿ ಊಟದ ಮೇಲೆ ಅವನು ಪಾಸ್‌ಪೋರ್ಟ್ ಮಾತು ತೆಗೆದ. 2024ರ ಜೂನ್‌ನಿಂದ ಜರ್ಮನಿಯಲ್ಲಿ ಕಾನೂನು ಬದಲಾಗಿದೆ. ಅಲ್ಲಿಯ ಪೌರತ್ವಕ್ಕೆ ಎಂಟು ವರ್ಷ ಕಾಯಬೇಕಿದ್ದದ್ದು ಐದಕ್ಕೆ ಇಳಿದಿದೆ. ಹಳೇ ದೇಶದ ಪೌರತ್ವವನ್ನೂ ಇಟ್ಟುಕೊಳ್ಳಬಹುದು ಅಂತ ಜರ್ಮನಿ ಹೇಳುತ್ತದೆ. ಆದರೆ ಭಾರತ ಒಪ್ಪುವುದಿಲ್ಲ. ಅವರದು ತೆಗೆದುಕೊಂಡರೆ ನಮ್ಮದು ಹೋಗುತ್ತದೆ. ಬದಲಿಗೆ ಓಸಿಐ ಅಂತ ಒಂದು ಕಾರ್ಡು ಸಿಗುತ್ತದೆ. ಬರಬಹುದು, ಇರಬಹುದು. ಓಟು ಹಾಕುವಂತಿಲ್ಲ, ಹೊಲ ಕೊಳ್ಳುವಂತಿಲ್ಲ. ಅರ್ಜಿ ತುಂಬಿ ಇಟ್ಟಿದ್ದಾನೆ, ಕಳಿಸಿಲ್ಲ. "ಏನ್ ಮಾಡ್ಲಿ ಅವ್ವ?"

ಅವ್ವ ಅಡಿಕೆ ಕತ್ತರಿಸುತ್ತಿದ್ದಳು. "ಇದ್ದ ಹೊಲ ನೀರಾಗ ಐತಿ. ಕೊಳ್ಳೂದು ಎಲ್ಲಿ ಬಂತು?" ಅಂದಳು ಮೊದಲು. ಆಮೇಲೆ ಸ್ವಲ್ಪ ತಡೆದು, "ನಾವೂ ಹಳೇ ಮನಿ ಕಾಗದ ಸರ್ಕಾರಕ್ಕ ಕೊಟ್ಟು ಹೊಸ ಹಕ್ಕುಪತ್ರ ತಗೊಂಡ್ವಿ. ಸಹಿ ಮಾಡೂವಾಗ ನಿಮ್ಮಪ್ಪನ ಕೈ ನಡಗಿತ್ತು" ಅಂದಳು.

ತಮ್ಮನಿಗೆ ದಾರಿ ಸಿಕ್ಕಂತಾಯಿತು. "ಅದನ್ನೇ ಹೇಳ್ತಿದೀನಿ ಅವ್ವ. ನಾನೂ ನಿಮ್ಮ ಹಾಗೆ ಊರು ಕಳಕೊಂಡವನೇ" ಅಂದ.

ಕತ್ತರಿ ನಿಂತಿತು. "ನಮ್ಮನ್ನ ನೀರು ಎಬ್ಬಿಸ್ತು. ನಿನ್ನ ಯಾರೂ ಎಬ್ಬಿಸಿಲ್ಲ. ನೀ ಎದ್ದು ಬಂದೀದಿ. ತಪ್ಪಲ್ಲ ಅದು. ಆದ್ರ ಎರಡೂ ಒಂದ ಅನಬ್ಯಾಡ" ಅಂದಳು. ಸಿಟ್ಟಿನಿಂದಲ್ಲ. ಲೆಕ್ಕ ತಪ್ಪಿದವನಿಗೆ ಲೆಕ್ಕ ತಿದ್ದಿದ ಹಾಗೆ. ಅವನು ತಟ್ಟೆ ಎತ್ತಿಕೊಂಡು ಒಳಗೆ ಹೋದ. ನನಗೆ ಅವನ ಮೇಲೆ ಪಾಪ ಅನ್ನಿಸಿತು. ಆದರೆ ಅವ್ವ ಹೇಳಿದ್ದು ಸರಿ ಅಂತಲೂ ಅನ್ನಿಸಿತು.

ದಸರೆಯ ವಿಷಯ ಬಿಟ್ಟೇ ಹೋಯಿತು, ಅದು ಇದಕ್ಕೂ ಮೊದಲೇ. ಅಕ್ಟೋಬರ್ 2, ಗಾಂಧಿ ಜಯಂತಿಯ ದಿನವೇ ಬಂದಿತ್ತು. ಬನ್ನಿ ಎಲೆ ಒಯ್ಯಲು ಆಗಿರಲಿಲ್ಲ. ಹುಡುಗಿ ಸಾಲಿಯಿಂದ ಬರುವಾಗ ದಾರಿಯಲ್ಲಿ ಬಿದ್ದ ಹಳದಿ ಎಲೆಗಳನ್ನು ಬ್ಯಾಗಿನ ತುಂಬ ತಂದಳು. ಲಿಂಡನ್ ಮರದ ಎಲೆ, ಹೃದಯದ ಆಕಾರ, ಆಗತಾನೆ ಬಣ್ಣ ತಿರುಗಿದ್ದು. "ಇದು ಜಾಸ್ತಿ ಬಂಗಾರದ ಥರ ಇದೆ ಆಯಿ" ಅಂದಳು. ಅವ್ವ ಒಂದು ಎಲೆ ತಿರುಗಿಸಿ ಮುರುಗಿಸಿ ನೋಡಿ ದೇವರ ಮುಂದೆ ಇಟ್ಟಳು. ಸಂಜೆ ಹುಡುಗಿ ಕೆಳಗಿನ ಅಜ್ಜಿಗೂ ಎಲೆ ಕೊಟ್ಟು, ಕಾಲು ಮುಟ್ಟಿ, "ಬನ್ನಿ ತಗೊಂಡು ಬಂಗಾರದಂಗ ಇರೂಣು" ಅಂದಳು. ಅಜ್ಜಿ ಗಾಬರಿಯಾದಳು. ಆ ದೇಶದಲ್ಲಿ ಯಾರಾದರೂ ನಿಮ್ಮ ಕಾಲಿಗೆ ಬಗ್ಗಿದರೆ ಏನೋ ಬಿದ್ದಿದೆ ಅಂತ ಅರ್ಥ. ಅವಳೂ ಬಗ್ಗಿ ನೆಲದಲ್ಲಿ ಹುಡುಕಿದಳು.

ನವೆಂಬರ್ ಕೊನೆಗೆ ವಾಪಸ್ ಬಂದೆವು. ರಂಗೋಲಿ ಡಬ್ಬಿ ಅವ್ವ ಅಲ್ಲೇ ಬಿಟ್ಟುಬಂದಿದ್ದಾಳೆ. ನಾನು ಬಂದವಳೇ ಹೊಲಿಗೆ ಮಷಿನ್ ಮುಂದೆ ಕೂತೆ, ಇನ್ನೂ ಎದ್ದಿಲ್ಲ.

ಪ್ರತಿ ಭಾನುವಾರ ಫೋನ್ ಬರುತ್ತದೆ. ಅರ್ಜಿ ಕಳಿಸಿದನೋ ಇಲ್ಲವೋ ತಮ್ಮ ಹೇಳಿಲ್ಲ. ಅವ್ವನೂ ಕೇಳಿಲ್ಲ. ಮೊನ್ನೆ ಹುಡುಗಿಯ ಕೈಗೆ ಫೋನ್ ಕೊಡು ಅಂದಳು.

"ಆ ಬೋರ್ಡು ಈ ವಾರ ಯಾರ ಬಾಗಲಕ್ಕೈತಿ?"

"ನಮ್ದೇ ರೀ ಆಯಿ."

"ಮೆಟ್ಟಲಾ ಒರಸೂವಾಗ ಮೂಲಿ ಬಿಡಬ್ಯಾಡ ಅಂತ ನಿಮ್ಮಪ್ಪಗ ಹೇಳು."